ಚಿಲಕದ ಮೇಲಿನ ಕೈ

ಜೂನ್ ೪

ಪ್ರೀತಿಯ ಅಕ್ಕನಿಗೆ,

ಫೋನು ಮಾಡಿದರೆ ನೀವು ಎತ್ತಿ "ಹಲೋ" ಅಂದುಬಿಡುತ್ತೀರಿ, ಆಮೇಲೆ ನಿಮ್ಮ ಡಾಕ್ಟರು ನನ್ನನ್ನು ಹುಡುಕಿಕೊಂಡು ಬರುತ್ತಾರೆ ಎಂದು ಹೆದರಿ ಕಾಗದ ಬರೆಯುತ್ತಿದ್ದೇನೆ. ಗಂಟಲಿನ ಆಪರೇಷನ್ ಚೆನ್ನಾಗಿ ಆಯಿತೆಂದು ನಿಮ್ಮ ತಮ್ಮ ತಿಳಿಸಿದರು. ಮೂರು ತಿಂಗಳು ಅವರ ಮನೆಯಲ್ಲೇ ಇದ್ದು ವಿಶ್ರಾಂತಿ ತೆಗೆದುಕೊಳ್ಳಬೇಕಂತೆ, ಒಂದು ಅಕ್ಷರವೂ ಆಡಬಾರದಂತೆ, ಪಿಸುಮಾತೂ ಕೂಡದಂತೆ. ಇದನ್ನು ನಮ್ಮ ಗ್ರೀನ್ ರೂಮಿನಲ್ಲಿ ಎಲ್ಲರಿಗೂ ಹೇಳಿದೆ. ನಾಟಕದಲ್ಲಿ ನಿಮ್ಮ ಮಗನಾಗುವ ನಮ್ಮ ಮಗರಾಯ, "ಅಕ್ಕನ್ನ ಮೂರು ತಿಂಗಳು ಸುಮ್ನೆ ಕೂರಿಸೋ ಡಾಕ್ಟ್ರೂ ಹುಟ್ಟಿದ್ದಾನಾ?" ಅಂದ. ಎಲ್ಲರೂ ನಕ್ಕೆವು. ನಕ್ಕು ಮುಗಿದ ಮೇಲೆ ಒಬ್ಬರಿಗೂ ಇನ್ನೊಬ್ಬರ ಮುಖ ನೋಡಲಾಗಲಿಲ್ಲ.

ವಿಷಯಕ್ಕೆ ಬರುತ್ತೇನೆ. ನಿನ್ನೆ ನಿರ್ದೇಶಕರು ತಮ್ಮ ಆ ಮೀಸೆಯನ್ನು ತಿರುವುತ್ತಾ ನನ್ನನ್ನು ಕರೆದರು. ಮೀಸೆ ತಿರುವಿದರೆ ಏನೋ ಗ್ರಹಚಾರ ಕಾದಿದೆ ಎಂದೇ ಅರ್ಥ, ನಿಮಗೆ ಗೊತ್ತಲ್ಲ. "ಮುಂದಿನ ವಾರದ ಶನಿವಾರದಿಂದ ನೀನೇ ತಾಯಿ" ಅಂದರು. "ಯಾರ ತಾಯಿ ಸರ್?" ಅಂದೆ. ಅಷ್ಟು ಬುದ್ಧಿ ಕೆಟ್ಟಿತ್ತು.

ಇಪ್ಪತ್ತೆರಡು ವರ್ಷದಿಂದ ನಾನು ಈ ನಾಟಕದಲ್ಲಿ ನಿಮ್ಮ ಬದಲಿ. ನಿಮಗೆ ಹುಷಾರು ತಪ್ಪಿದರೆ ತಾಯಿಯ ಪಾತ್ರಕ್ಕೆ ಇರಲಿ ಎಂದು ನನ್ನನ್ನು ಇಟ್ಟುಕೊಂಡಿದ್ದರು. ನಿಮಗೆ ಹುಷಾರು ತಪ್ಪಲೇ ಇಲ್ಲ. ತಪ್ಪಿದರೂ ಬಂದಿರಿ. ಒಂಬೈನೂರ ಹದಿನಾಲ್ಕು ಪ್ರಯೋಗ! ನೆರೆಮನೆಯವಳಾಗಿ ಮೊದಲನೇ ಅಂಕದಲ್ಲಿ ಆರು ಮಾತು ಆಡುವುದು, ಆಮೇಲೆ ಪಕ್ಕದ ಪರದೆಯ ಹಿಂದೆ ಸ್ಟೂಲಿನ ಮೇಲೆ ಕೂತು ನಿಮ್ಮನ್ನು ನೋಡುವುದು, ಇದೇ ನನ್ನ ಉದ್ಯೋಗ. ಇಟ್ಟ ಹೆಸರನ್ನು ಜನ ಮರೆತು, ಎಲ್ಲರ ಬಾಯಲ್ಲೂ 'ಬದಲಿ' ಆದೆ. ನನಗೆ ಅದರ ಬೇಜಾರಿಲ್ಲ ಅಕ್ಕ. ನಿಮ್ಮನ್ನು ನೋಡುವ ಜಾಗ ಆ ಸ್ಟೂಲಿಗಿಂತ ಒಳ್ಳೆಯದು ಇಡೀ ಹಾಲ್‌ನಲ್ಲಿ ಇನ್ನೊಂದಿಲ್ಲ. ಆದರೆ ಸ್ಟೂಲಿನಿಂದ ಎದ್ದು ಅಲ್ಲಿಗೆ ಹೋಗುವ ದಿನ ಬರುತ್ತದೆ ಎಂದು ನಿಜವಾಗಿ ನಂಬಿರಲಿಲ್ಲ.

ನೀವು ಚಿಂತೆ ಮಾಡಬೇಡಿ. ನನ್ನ ನೋಟ್‌ಬುಕ್ ಇದೆ. ಯಾವ ಮಾತಿನ ನಡುವೆ ಉಸಿರು ತೆಗೆದುಕೊಳ್ಳುತ್ತೀರಿ, ಯಾವ ಕೈಯಲ್ಲಿ ಲೋಟ ಹಿಡಿಯುತ್ತೀರಿ, ಎರಡನೇ ಅಂಕದಲ್ಲಿ ಹನ್ನೆರಡು ವರ್ಷದ ಮೇಲೆ ಮಗ ಬಂದು ಬಾಗಿಲು ಬಡಿದಾಗ ಚಿಲಕದ ಮೇಲೆ ಕೈಯಿಟ್ಟು ಎಷ್ಟು ಎಣಿಕೆ ನಿಲ್ಲುತ್ತೀರಿ, ಎಲ್ಲ ಬರೆದಿಟ್ಟಿದ್ದೇನೆ. ಕೂದಲೆಳೆಯಷ್ಟೂ ಆಚೀಚೆ ಆಗಲು ಬಿಡುವುದಿಲ್ಲ. ನೀವಿಲ್ಲ ಅನ್ನುವುದು ಯಾರಿಗೂ ಗೊತ್ತಾಗಬಾರದು, ಹಾಗೆ ಮಾಡುತ್ತೇನೆ.

ಬೇಗ ವಾಸಿಯಾಗಿ, ಬೇಗ ಬನ್ನಿ.

ನಿಮ್ಮ
ಬದಲಿ


ಜೂನ್ ೧೦

ಬದಲಿಗೆ ಆಶೀರ್ವಾದ.

'ಮಾತು ಬೆಳ್ಳಿ, ಮೌನ ಬಂಗಾರ' ಎಂದವನು ಒಂದು ವಾರವೂ ಬಾಯಿ ಮುಚ್ಚಿ ಕೂತವನಲ್ಲ ಎಂದು ನನಗೆ ಖಾತ್ರಿಯಾಗಿದೆ. ನನಗೊಂದು ಸ್ಲೇಟು ಕೊಟ್ಟಿದ್ದಾರೆ. ಅದರಲ್ಲಿ ಬರೆದದ್ದನ್ನು ತಮ್ಮನ ಮೊಮ್ಮಗಳು ಮನೆಯವರಿಗೆಲ್ಲ ಓದಿ ಹೇಳಬೇಕು. ಎಂಟು ವರ್ಷದ ಕಿಲಾಡಿ. "ಇನ್ನೊಂದು ಬಿಸ್ಕತ್ತು ಕೊಡಿ" ಎಂದು ಬರೆದರೆ, "ಅಜ್ಜಿ ನಂಗೆ ಇನ್ನೊಂದು ಬಿಸ್ಕತ್ತು ಕೊಡ್ಬೇಕಂತೆ" ಎಂದು ಓದುತ್ತಾಳೆ. ಐವತ್ತೆಂಟು ವರ್ಷ ಇನ್ನೊಬ್ಬರು ಬರೆದದ್ದನ್ನು ನಾನು ಓದಿದೆ. ಈಗ ನಾನು ಬರೆದದ್ದನ್ನು ಇವಳು ಓದುತ್ತಿದ್ದಾಳೆ. ಬರೆಯುವವರ ಕಷ್ಟ ಈಗ ಗೊತ್ತಾಗುತ್ತಿದೆ.

ಆಸ್ಪತ್ರೆಯಲ್ಲಿ ನರ್ಸಮ್ಮ ನನಗೆ ಮುಖವನ್ನೇ ಕೊಡಲಿಲ್ಲ. ಮೂರನೇ ದಿನ ಇಂಜೆಕ್ಷನ್ ಹಿಡಿದು ಬಂದವಳು ತಡೆಯಲಾರದೆ ಕೇಳಿಯೇಬಿಟ್ಟಳು: "ಆ ಸೊಸೆ ನಿಮಗೇನು ಅನ್ಯಾಯ ಮಾಡಿದ್ಳು? ಅವಳ ಗಂಡನ ಕಾಗದ ಯಾಕೆ ಸುಟ್ಟುಹಾಕಿದ್ರಿ?" ಹದಿನಾಲ್ಕು ವರ್ಷ ಟಿವಿಯಲ್ಲಿ ಅತ್ತೆಯಾಗಿ ಮೆರೆದದ್ದರ ಫಲ. ಧಾರಾವಾಹಿ ಬರೆಯುವವನು ಸುಡು ಅಂದ, ಸುಟ್ಟೆ ಕಣಮ್ಮ ಎನ್ನೋಣವೆಂದರೆ ಬಾಯಿಗೆ ಬೀಗ. ಸೂಜಿಯನ್ನು ಬೇಕೆಂದೇ ಸ್ವಲ್ಪ ಜೋರಾಗಿ ಚುಚ್ಚಿದಳು. ಅದಕ್ಕಿಂತ ದೊಡ್ಡ ಪ್ರಶಸ್ತಿ ನನಗೆ ಈಚೆಗೆ ಯಾರೂ ಕೊಟ್ಟಿಲ್ಲ.

ಅದೇನದು ನೋಟ್‌ಬುಕ್? ನೀನು ಸ್ಟೂಲಿನ ಮೇಲೆ ಕೂತು ಏನೋ ಗೀಚುತ್ತಿದ್ದುದನ್ನು ನೋಡಿದ್ದೆ. ಮನೆಗೆ ತರಬೇಕಾದ ಸಾಮಾನಿನ ಪಟ್ಟಿ ಎಂದುಕೊಂಡಿದ್ದೆ. ಪ್ರಯೋಗ ಆದ ಮೇಲೆ ನನಗೊಮ್ಮೆ ಕಳಿಸು. ಇಲ್ಲಿ ಓದಲು ತಮ್ಮನ ತೋಟಗಾರಿಕೆ ಪುಸ್ತಕ ಬಿಟ್ಟರೆ ಬೇರೇನೂ ಇಲ್ಲ.

ಶನಿವಾರದ ಬಗ್ಗೆ ನಾನು ಏನೂ ಹೇಳುವುದಿಲ್ಲ. ಚೆನ್ನಾಗಿ ತಿಂದು ಹೋಗು. ಹೊಟ್ಟೆ ಖಾಲಿಯಿದ್ದರೆ ಅದು ಮಾತಿನ ನಡುವೆ ಬಾಯಿ ಹಾಕುತ್ತದೆ.

ಇಂತಿ,
ಮೂಕಿ ಅಕ್ಕ


ಜೂನ್ ೨೧

ಅಕ್ಕ,

ಮೂರು ಪ್ರಯೋಗ ಆಯಿತು. ನೋಟ್‌ಬುಕ್‌ಗಳನ್ನು ಈ ಪಾರ್ಸೆಲ್‌ನಲ್ಲಿ ಕಳಿಸಿದ್ದೇನೆ. ಮುಂದಿನ ಪ್ರಯೋಗ ಜುಲೈ ಹತ್ತಕ್ಕೆ. ದಯವಿಟ್ಟು ಒಂದು ವಾರದಲ್ಲಿ ವಾಪಸ್ ಕಳಿಸಿ, ಅವಿಲ್ಲದೆ ನನ್ನ ಕೈ ಓಡುವುದಿಲ್ಲ.

ಏನು ಬರೆಯಲಿ? ಒಂದು ಮಾತೂ ತಪ್ಪಲಿಲ್ಲ. ಲೋಟವನ್ನು ಬಲಗೈಯಲ್ಲಿ ಹಿಡಿದೆ. ಎಡಗಾಲನ್ನು ನಿಮ್ಮ ಹಾಗೆಯೇ ಎಳೆದು ನಡೆದೆ. ಎರಡನೇ ದೃಶ್ಯದಲ್ಲಿ ನೀವು ಕೆಮ್ಮುವಲ್ಲಿ ಕೆಮ್ಮಿದೆ. ಕೊನೆಗೆ ಬಾಗಿಲು ಬಡಿದ ಸದ್ದಾಯಿತು. ಹೋಗಿ ಚಿಲಕದ ಮೇಲೆ ಕೈಯಿಟ್ಟು ಮನಸ್ಸಿನಲ್ಲೇ ಎಣಿಸಿದೆ. ಹದಿನೆಂಟು ಎಣಿಕೆ. ನೀವು ಅಲ್ಲಿ ನಿಂತರೆ ಜನ ಉಸಿರು ಬಿಡುವುದನ್ನೂ ಮರೆಯುತ್ತಿದ್ದರು. ನಾನು ಹನ್ನೆರಡಕ್ಕೆ ಬರುವ ಹೊತ್ತಿಗೆ ಯಾರೋ ಕೆಮ್ಮಿದರು. ಹದಿನೈದಕ್ಕೆ ಯಾರೋ ಚಾಕಲೇಟಿನ ಕಾಗದ ಬಿಚ್ಚಿದರು. ಹದಿನೆಂಟಕ್ಕೆ ಬಾಗಿಲು ತೆಗೆದು, "ಊಟ ಆಯ್ತಾ?" ಎಂದೆ. ನೀವು ಅದೇ ಎರಡು ಪದ ಹೇಳಿದಾಗ ಗಂಡಸರು ಕರವಸ್ತ್ರ ಹುಡುಕುವುದನ್ನು ನಾನೇ ನೋಡಿದ್ದೇನೆ. ನಾನು ಹೇಳಿದಾಗ ಮುಂದಿನ ಸಾಲಿನವನೊಬ್ಬ ಗಡಿಯಾರ ನೋಡಿಕೊಂಡ, ಪಾಪ, ಅವನ ಊಟದ ಹೊತ್ತಾಗಿತ್ತೇನೋ.

ನಾಟಕ ಮುಗಿದ ಮೇಲೆ ಒಬ್ಬ ಹೆಂಗಸು ಬಂದು ನನ್ನ ಕೈ ಹಿಡಿದುಕೊಂಡು, "ಥೇಟ್ ಅವರ ಥರಾನೇ ಮಾಡಿದ್ರಿ ಕಣ್ರೀ, ಒಂಚೂರೂ ಬೇರೆ ಅನ್ನಿಸ್ಲಿಲ್ಲ" ಅಂದಳು. ಥ್ಯಾಂಕ್ಸ್ ಹೇಳಿ ಗ್ರೀನ್ ರೂಮಿಗೆ ಹೋಗಿ ಟವೆಲಿನಲ್ಲಿ ಮುಖ ಮುಚ್ಚಿಕೊಂಡು ಅತ್ತೆ. ಮೀಸೆಯವರು ಬಾಗಿಲಲ್ಲಿ ನಿಂತು, "ಹುಲೀನ ನೋಡಿ ನರಿ ಬರೆ ಹಾಕ್ಕೊಂಡ ಹಾಗಿತ್ತು" ಎಂದು ಹೇಳಿ ಹೋದರು. ಅವರು ಸುಳ್ಳು ಹೇಳುವವರಲ್ಲ.

ಆಗಸ್ಟ್ ಮೂವತ್ತರವರೆಗೆ ಹಾಲ್ ನಮ್ಮದು. ಅಷ್ಟರೊಳಗೆ ಜನ ಬರದಿದ್ದರೆ ಬೇರೆ ತಂಡಕ್ಕೆ ಕೊಡುತ್ತಾರಂತೆ, ನಮ್ಮ ನಾಟಕ ನಿಲ್ಲುತ್ತದೆ. ನೀವು ಇಪ್ಪತ್ತೆರಡು ವರ್ಷ ಹೊತ್ತದ್ದು ನನ್ನ ಕೈಯಲ್ಲಿ ಎರಡು ತಿಂಗಳಿಗೆ ನಿಂತಿತು ಎಂದಾಗಬಾರದು. ಆದರೆ ನನ್ನನ್ನು ಕೊರೆಯುತ್ತಿರುವುದು ಅದೊಂದೇ ಅಲ್ಲ ಅಕ್ಕ. ನಾನು ನಟಿಯೋ, ನಕಲೋ? ಐವತ್ತೊಂದನೇ ವರ್ಷಕ್ಕೆ ಇದನ್ನು ಕೇಳುವ ಹಾಗಾಯಿತಲ್ಲ. ಇಷ್ಟು ವರ್ಷ ಯಾರೂ ನನ್ನನ್ನು ಪರೀಕ್ಷೆ ಮಾಡದೆ ಇದ್ದದ್ದರಿಂದ ಪಾಸಾಗಿದ್ದೇನೆ ಎಂದುಕೊಂಡಿದ್ದೆ.

ನಿಮ್ಮ
ಬದಲಿ


ಜುಲೈ ೩

ಬದಲಿ,

ನೋಟ್‌ಬುಕ್ ಅಂದರೆ ಒಂದು ಎಂದುಕೊಂಡಿದ್ದೆ. ಪಾರ್ಸೆಲ್ ಬಿಚ್ಚಿದರೆ ಹನ್ನೊಂದು! ಹತ್ತು ದಿನದಿಂದ ಬೇರೆ ಏನೂ ಮಾಡಿಲ್ಲ. ಊಟಕ್ಕೆ ಕರೆದರೆ ಸ್ಲೇಟಿನಲ್ಲಿ "ಆಮೇಲೆ" ಎಂದು ಬರೆದು ಎತ್ತಿ ತೋರಿಸುತ್ತೇನೆ.

ಮೊದಲು ನಿನ್ನ ಕಾಲಿನ ವಿಷಯ. ಮುನ್ನೂರ ನಲವತ್ತೊಂದನೇ ಪ್ರಯೋಗದಲ್ಲಿ ನೀನು ಬರೆದಿದ್ದೀಯ: 'ಅಕ್ಕ ಇವತ್ತಿನಿಂದ ಎಡಗಾಲು ಎಳೆದು ನಡೆಯುತ್ತಿದ್ದಾರೆ. ತಾಯಿಯ ಮನಸ್ಸಿನ ಭಾರ ಕಾಲಿಗೆ ಇಳಿದಿದೆ. ಎಂಥ ಸೂಕ್ಷ್ಮ!' ಅಯ್ಯೋ ಪೆದ್ದೀ, ಧಾರಾವಾಹಿಯ ಸೆಟ್ಟಿನಲ್ಲಿ ಮೆಟ್ಟಿಲಿನಿಂದ ಜಾರಿ ಬಿದ್ದು ಮಂಡಿ ಊದಿತ್ತು. ಅದು ಪೂರಾ ವಾಸಿಯಾಗಲೇ ಇಲ್ಲ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಳೆದರಂತೆ. ನನ್ನ ಮಂಡಿ ನೋವಿಗೆ ನೀನು ಕುಂಟಿದೆಯಾ? ಎರಡನೇ ದೃಶ್ಯದ ಕೆಮ್ಮು ಮುಖದ ಪೌಡರು ಮೂಗಿಗೆ ಹೋದದ್ದು. ನನಗೆ ನಗುವುದಕ್ಕೂ ಅನುಮತಿಯಿಲ್ಲ. ಬಾಯಿಗೆ ಟವೆಲು ತುರುಕಿಕೊಂಡು ಕಣ್ಣಲ್ಲಿ ನೀರು ಬರುವವರೆಗೆ ನಕ್ಕೆ. ತಮ್ಮ ಓಡಿಬಂದು ಡಾಕ್ಟರಿಗೆ ಫೋನು ಮಾಡಲು ಹೊರಟಿದ್ದ.

ನಗು ಅಲ್ಲಿಗೆ ಮುಗಿಯಿತು. ಆಮೇಲೆ ನನಗೆ ಹೆದರಿಕೆಯಾಯಿತು.

ನನ್ನ ಬದುಕು ನನಗೆ ಗೊತ್ತಿದೆ ಎಂದುಕೊಂಡಿದ್ದೆ. ಹದಿನಾರನೇ ವಯಸ್ಸಿಗೆ ಕಂಪನಿಗೆ ಸೇರಿ 'ಗುಂಪಿನಲ್ಲಿ ಮೂರನೆಯ ಹೆಂಗಸು' ಆದದ್ದು, ನನ್ನ ಪಾಲಿಗೆ "ಅಯ್ಯೋ ಬೆಂಕಿ!" ಎನ್ನುವ ಒಂದೇ ಮಾತಿದ್ದದ್ದು, ಅದನ್ನು ಹೇಳಲು ಮಧ್ಯಾಹ್ನದಿಂದಲೇ ಬಣ್ಣ ಹಚ್ಚಿಕೊಂಡು ಕೂತದ್ದು, ಎಲ್ಲ ನೆನಪಿದೆ. ಟಿವಿ ಹೊಸದಾಗಿ ಬಂದಾಗ ನಾಟಕವನ್ನು ನೇರ ಪ್ರಸಾರ ಮಾಡುತ್ತಿದ್ದರು. ತಲೆಯ ಮೇಲಿದ್ದ ದೊಡ್ಡ ಬಲ್ಬು ಒಡೆದು ಗಾಜು ಸುರಿಯಿತು. ಕೂದಲ ತುಂಬ ಗಾಜಿಟ್ಟುಕೊಂಡೇ ನಾಯಕನನ್ನು ಮದುವೆಯಾಗಲು ಒಪ್ಪಿಕೊಂಡೆ. ಇಂಥವನ್ನು ನಾನು ಸಂದರ್ಶನಕ್ಕೆ ಬಂದವರಿಗೆಲ್ಲ ಹೇಳಿ ಹೇಳಿ ಸವೆಸಿದ್ದೇನೆ. ಆದರೆ ನೀನು ಬರೆದದ್ದು ಬೇರೆ ಯಾರದೋ ಕಥೆಯಂತಿದೆ.

ಇನ್ನೂರ ಹದಿಮೂರನೇ ಪ್ರಯೋಗ: 'ಕರೆಂಟು ಹೋಯಿತು. ಅಕ್ಕ ನಿಲ್ಲಿಸಲಿಲ್ಲ. ಕತ್ತಲಲ್ಲೇ ಪಾತ್ರೆ ತೊಳೆಯುತ್ತಾ ಮಾತಾಡಿದರು. ಇಪ್ಪತ್ತು ನಿಮಿಷ. ಒಬ್ಬರೂ ಎದ್ದು ಹೋಗಲಿಲ್ಲ. ದೀಪ ಬಂದಾಗ ಜನಕ್ಕೆ ಬೇಸರವಾದಂತೆ ಕಂಡಿತು.' ಐನೂರ ಆರು: 'ಅಕ್ಕನಿಗೆ ವಿಪರೀತ ಜ್ವರ. ಒಳಗೆ ಬಂದು ಬಕೆಟಿಗೆ ವಾಂತಿ, ಹೊರಗೆ ಹೋಗಿ ನಗು. ನಾನು ಬಕೆಟು ಹಿಡಿದಿದ್ದೆ. ನಾಲ್ಕು ಸಲ. ಹೊರಗೆ ಯಾರಿಗೂ ತಿಳಿಯಲಿಲ್ಲ.' ಎಂಟುನೂರ ಎರಡು: 'ಉಂಗುರ ಹಾಕಿಕೊಳ್ಳಲು ಮರೆತಿದ್ದಾರೆ. ಆದರೂ ಬೆರಳಲ್ಲಿ ತಿರುಗಿಸಿದರು. ನನಗೆ ಉಂಗುರ ಕಾಣಿಸಿತು.'

ಬೆಳಿಗ್ಗೆ ಐದಕ್ಕೆ ಎದ್ದು ಟಿವಿಯಲ್ಲಿ ಮಗನನ್ನು ಮನೆಯಿಂದ ಓಡಿಸುವ ತಾಯಿ, ಸಂಜೆ ವೇದಿಕೆಯಲ್ಲಿ ಮಗನಿಗಾಗಿ ಕಾಯುವ ತಾಯಿ. ನಡುವೆ ಮುಕ್ಕಾಲು ಗಂಟೆ ಬಸ್ಸು. ಆ ಮುಕ್ಕಾಲು ಗಂಟೆಯಲ್ಲಿ ನಾನು ಯಾರಾಗಿದ್ದೆ ಎಂದು ಈಗ ಯೋಚಿಸಿದರೆ ಉತ್ತರ ಸಿಗುವುದಿಲ್ಲ. ಬಹುಶಃ ನಿದ್ದೆ ಮಾಡುತ್ತಿದ್ದೆ. ಇದನ್ನೆಲ್ಲ ಮಾಡಿದವಳು ನಾನೇನಾ? ನೂರಾರು ಜನ ನನ್ನ ಬಗ್ಗೆ ಬರೆದಿದ್ದಾರೆ. ಯಾರೂ ನನ್ನ ಬರಿಯ ಬೆರಳನ್ನು ನೋಡಿರಲಿಲ್ಲ. ದೇವರು ಎಲ್ಲ ನೋಡುತ್ತಿರುತ್ತಾನೆ ಅನ್ನುತ್ತಾರಲ್ಲ, ಅವನು ಸ್ಟೂಲಿನ ಮೇಲೆ ಕೂತಿರುತ್ತಾನೆ ಎಂದು ಗೊತ್ತಿರಲಿಲ್ಲ.

ಈಗ ಚಿಲಕದ ವಿಷಯ. ಇದನ್ನು ನಾನು ಯಾರಿಗೂ ಹೇಳಿಲ್ಲ.

ನೀನು ನಮ್ಮ ತಂಡಕ್ಕೆ ಬರುವ ಮೊದಲಿನ ಮಾತು, ಏಳನೇ ಪ್ರಯೋಗ. ಅಲ್ಲಿಯವರೆಗೆ ಬಾಗಿಲು ಬಡಿದ ಕೂಡಲೇ ತೆಗೆಯುತ್ತಿದ್ದೆ. ಆ ದಿನ ಮಗರಾಯ ಮಧ್ಯಾಹ್ನ ಏನು ತಿಂದಿದ್ದನೋ, ಬಾಗಿಲು ಬಡಿದವನೇ ಹೊಟ್ಟೆ ಹಿಡಿದುಕೊಂಡು ಕಕ್ಕಸಿಗೆ ಓಡಿದ. ಓಡಿದ ಸದ್ದು ನನಗೆ ಕೇಳಿಸಿತು. ಈಗ ಬಾಗಿಲು ತೆಗೆದರೆ ಆಚೆ ಯಾರೂ ಇರುವುದಿಲ್ಲ! ಚಿಲಕದ ಮೇಲೆ ಕೈಯಿಟ್ಟುಕೊಂಡು ನಿಂತೆ. ಬೇರೆ ಏನು ಮಾಡಲಿ? ಅವನ ಹೆಜ್ಜೆ ವಾಪಸ್ ಬರುತ್ತದೆಯೇ ಎಂದು ಕಿವಿಗೊಟ್ಟು ಕೇಳಿದೆ. ಇಡೀ ಮೈ ಕಿವಿಯಾಗಿತ್ತು. ಎಷ್ಟು ಹೊತ್ತೋ ಗೊತ್ತಿಲ್ಲ. ಕೊನೆಗೆ ಹೆಜ್ಜೆ ಬಂತು, ಬಾಗಿಲು ತೆಗೆದೆ. ತೆಗೆದು ತಿರುಗಿದರೆ ಜನ ಅಳುತ್ತಿದ್ದಾರೆ. ಮೀಸೆ ಓಡಿಬಂದು, "ಇದನ್ನ ಇಟ್ಕೊಳ್ಳಿ, ಕೈ ಮುಗೀತೀನಿ" ಅಂದರು. ಮುಂದಿನ ವಾರ ಕಾಲೇಜಿನ ಮೇಷ್ಟರೊಬ್ಬರು 'ತಾಯಿಯ ಅಂತರಂಗದ ಯುದ್ಧ' ಎಂದು ಪತ್ರಿಕೆಯಲ್ಲಿ ಅರ್ಧ ಪುಟ ಬರೆದರು. ಯುದ್ಧ ನಡೆದದ್ದು ಮಗರಾಯನ ಹೊಟ್ಟೆಯಲ್ಲಿ ಎಂದು ಅವರಿಗೆ ಹೇಗೆ ಹೇಳಲಿ?

ಆದರೆ ಮಾರನೆಯ ದಿನ ನನಗೆ ಸಮಸ್ಯೆಯಾಯಿತು. ಮಗರಾಯ ಬಾಗಿಲ ಹಿಂದೆಯೇ ಇದ್ದ. ಸುಮ್ಮನೆ ನಿಂತರೆ ಸುಳ್ಳಾಗುತ್ತದೆ. ಹಾಗಾಗಿ ನಾನು ನಿಜವಾಗಿ ಕೇಳಲು ಶುರುಮಾಡಿದೆ. ಇದ್ದಾನೋ, ಹೋದನೋ? ಪ್ರತಿ ಸಲವೂ. ಅವನು ಇದ್ದಾನೆ ಎಂದು ಕಿವಿಗೆ ಖಾತ್ರಿಯಾದ ಮೇಲೆಯೇ ಚಿಲಕ ತೆಗೆದೆ. ಒಂದು ಸಲ ಮೂರು ಎಣಿಕೆಗೇ ತೆಗೆದಿದ್ದೇನೆ. ನೀನು 'ಅಕ್ಕನಿಗೆ ಇವತ್ತು ಆತುರ' ಎಂದು ಬರೆದಿದ್ದೀಯ. ಆತುರವಲ್ಲ, ಅವನು ಸೀನಿದ. ಒಂದು ಸಲ ಐವತ್ತು. ಎಲ್ಲ ಕೂಡಿಸಿ ಭಾಗಿಸಿ ನೀನು ಹದಿನೆಂಟು ಎಂದು ತೆಗೆದಿದ್ದೀಯ. ಹದಿನೆಂಟು ಎಣಿಕೆ ನಾನು ಬಹುಶಃ ಒಂದು ದಿನವೂ ನಿಂತಿಲ್ಲ ಕಣೇ.

ನೋಟ್‌ಬುಕ್‌ಗಳನ್ನು ವಾಪಸ್ ಕಳಿಸುವುದಿಲ್ಲ.

ಇಂತಿ,
ಅಕ್ಕ


ಜುಲೈ ೮

ಅಕ್ಕನವರಿಗೆ,

ಕಳಿಸುವುದಿಲ್ಲ ಎಂದರೇನು? ಅವು ನನ್ನವು. ನನ್ನ ಇಪ್ಪತ್ತೆರಡು ವರ್ಷ ಅವು. ನಿಮಗೆ ನಿಮ್ಮ ವರ್ಷಗಳು ಜನರ ತಲೆಯಲ್ಲಿವೆ, ಪೇಪರಿನಲ್ಲಿವೆ, ಟಿವಿಯಲ್ಲಿವೆ. ನನಗೆ ಇರುವುದು ಆ ಹನ್ನೊಂದು ಪುಸ್ತಕ ಮಾತ್ರ. ಅದನ್ನೂ ಇಟ್ಟುಕೊಂಡರೆ ನಾನು ನಾಳಿದ್ದು ಬರಿಗೈಯಲ್ಲಿ ವೇದಿಕೆಯ ಮೇಲೆ ಹೋಗಬೇಕು.

ಬರೆಯಬಾರದು ಎಂದುಕೊಂಡೇ ಬರೆಯುತ್ತಿದ್ದೇನೆ. ನಾನು ಬಿದ್ದರೆ ನಿಮಗೆ ಒಳಗೊಳಗೇ ಸಮಾಧಾನವೇ? ನಿಮ್ಮ ಜಾಗದಲ್ಲಿ ಇನ್ನೊಬ್ಬಳು ನಿಲ್ಲಲಾರಳು ಎಂದು ಊರಿಗೆಲ್ಲ ಗೊತ್ತಾಗಲಿ ಎಂದೇ?

ಬದಲಿ


ಆಗಸ್ಟ್ ೧೨

ಅಕ್ಕ,

ಐದು ವಾರವಾಯಿತು, ನೀವು ಬರೆಯಲಿಲ್ಲ. ನಾನು ನಿಮ್ಮ ಜಾಗದಲ್ಲಿದ್ದರೆ ನಾನೂ ಬರೆಯುತ್ತಿರಲಿಲ್ಲ. ಆ ಕಾಗದವನ್ನು ಡಬ್ಬಿಗೆ ಹಾಕಿದ ಮೇಲೆ ಅಂಚೆಯವನು ಬರುವವರೆಗೆ ಅಲ್ಲೇ ಕಾದು ನಿಂತಿದ್ದೆ. ವಾಪಸ್ ಕೊಡಿ ಅಂದೆ. "ಡಬ್ಬಿಗೆ ಹಾಕಿದ್ಮೇಲೆ ಅದು ನಿಮ್ದಲ್ಲ, ಅವರ್ದು" ಅಂದ. ತಪ್ಪಾಯಿತು ಅಕ್ಕ, ಕ್ಷಮಿಸಿ.

ಪುಸ್ತಕವಿಲ್ಲದೆ ಹೋದ ಮೊದಲ ದಿನ ಎರಡು ಕಡೆ ಮಾತು ಮರೆತೆ. ಮಗರಾಯ ಎತ್ತಿಕೊಟ್ಟ. ಕುಂಟಲಿಲ್ಲ. ಕಾಲು ಅಭ್ಯಾಸಬಲದಿಂದ ಎಳೆಯಲು ನೋಡಿತು, ನಾನೇ ಗದರಿಸಿಕೊಂಡೆ. ಚಿಲಕದ ಹತ್ತಿರ ಬಂದಾಗ ಎಣಿಸಬಾರದು ಎಂದು ನಿರ್ಧಾರ ಮಾಡಿದ್ದೆ, ಆದರೂ ಒಳಗೆ ಎಣಿಕೆ ತಾನಾಗಿಯೇ ಓಡುತ್ತಿತ್ತು. ಆ ದಿನವೂ ಜನ ಕೆಮ್ಮಿದರು. ಆ ವಾರವೆಲ್ಲ ಕೆಮ್ಮಿದರು.

ಕಳೆದ ಗುರುವಾರ ಒಂದು ಸಂಗತಿ ನಡೆಯಿತು. ಮಗರಾಯ ಬಾಗಿಲು ಬಡಿದ. ಕೈಯಿಟ್ಟೆ. ಆಚೆಯಿಂದ ಅವನ ಉಸಿರು ಕೇಳಿಸಿತು. ಅವನಿಗೀಗ ಐವತ್ತೆಂಟಲ್ಲವೇ, ನನಗಿಂತ ಏಳು ವರ್ಷ ದೊಡ್ಡ ಮಗ! ಮೆಟ್ಟಿಲು ಹತ್ತಿ ಬಂದು ಏದುಸಿರು ಬಿಡುತ್ತಿದ್ದ. ಗೊರ್, ಗೊರ್ ಎನ್ನುವ ಸಣ್ಣ ಸದ್ದು. ಇವನಿಗೆ ವಯಸ್ಸಾಗಿದೆ ಎಂದು ನನಗೆ ಥಟ್ಟನೆ ಅನ್ನಿಸಿತು. ಹೋದಾಗ ಹುಡುಗ, ಬಂದಿರುವವನು ಯಾರೋ. ನಾನು ಬಾಗಿಲು ತೆಗೆದರೆ ನನ್ನ ಮಗ ಇರುವುದಿಲ್ಲ, ಈ ಮುದುಕ ಇರುತ್ತಾನೆ. ನನಗೆ ನಿಜವಾಗಿಯೂ ಭಯವಾಯಿತು ಅಕ್ಕ. ಎಷ್ಟು ಹೊತ್ತು ನಿಂತೆನೋ ನನಗೆ ಗೊತ್ತಿಲ್ಲ, ಯಾರೂ ಬರೆದುಕೊಂಡಿಲ್ಲ.

ಚೆನ್ನಾಗಿ ಆಯಿತೋ ಇಲ್ಲವೋ ತಿಳಿಯದು. ಮೀಸೆಯವರು ಮೀಸೆ ತಿರುವಲಿಲ್ಲ, ಅಷ್ಟೇ. ಹಾಲ್ ಅರ್ಧ ತುಂಬುತ್ತಿದೆ, ಶನಿವಾರ ಅರ್ಧಕ್ಕಿಂತ ಸ್ವಲ್ಪ ಹೆಚ್ಚು. ಮೂವತ್ತನೇ ತಾರೀಕಿಗೆ ಏನಾಗುತ್ತದೋ.

ಇಪ್ಪತ್ತಕ್ಕೆ ನಿಮ್ಮ ಗಂಟಲಿನ ಪರೀಕ್ಷೆ ಅಲ್ಲವೇ? ಡಾಕ್ಟರು ಮಾತಾಡಿ ಎಂದ ಕೂಡಲೇ ಬಂದುಬಿಡ್ರೀ ಅಕ್ಕ. ನಾನು ನೆಮ್ಮದಿಯಾಗಿ ನನ್ನ ಸ್ಟೂಲಿಗೆ ವಾಪಸ್ ಹೋಗುತ್ತೇನೆ. ಇದು ಬಾಯಿಮಾತಲ್ಲ. ನೀವು ಕತ್ತಲಲ್ಲಿ ಪಾತ್ರೆ ತೊಳೆದದ್ದನ್ನು ನೋಡಿದವಳು ನಾನು. ಅಂಥದ್ದನ್ನು ನೋಡಿದವರಿಗೆ ಅದರ ಪಕ್ಕದಲ್ಲಿ ಕೂತಿರುವುದೇ ದೊಡ್ಡದು.

ನಿಮ್ಮ ತಂಗಿ,
ಬದಲಿ


ಆಗಸ್ಟ್ ೨೨

ತಂಗಿ,

ಪರೀಕ್ಷೆ ಆಯಿತು. ಡಾಕ್ಟರು "ಏನಾದ್ರೂ ಮಾತಾಡಿ ನೋಡೋಣ" ಅಂದರು. ಮೂರು ತಿಂಗಳು ಕಾದವಳಿಗೆ ಆ ಗಳಿಗೆಯಲ್ಲಿ ಒಂದು ಮಾತೂ ಹೊಳೆಯಲಿಲ್ಲ. "ಊಟ ಆಯ್ತಾ?" ಎಂದೆ. "ಆಯ್ತು" ಅಂದರು ಪಾಪ.

ದನಿ ಬಂದಿದೆ. ಆದರೆ ಚಿಕ್ಕದು. ಕೋಣೆಯೊಳಗೆ ಸಾಕು, ವೇದಿಕೆಯಿಂದಾದರೆ ಮೂರನೇ ಸಾಲು ದಾಟುವುದಿಲ್ಲ. ಇನ್ನು ಇಷ್ಟೇ ಎಂದರು. ಟಿವಿಯವರಿಗೆ ಸಂತೋಷವೋ ಸಂತೋಷ. ಅವರ ಮೈಕಿಗೆ ಇದು ಬೇಕಾದಷ್ಟು. ಅತ್ತೆಗೆ ಪಾರ್ಶ್ವವಾಯು ಬಂದು ಹಾಸಿಗೆ ಹಿಡಿದು ಪಶ್ಚಾತ್ತಾಪ ಪಡುವಂತೆ ಕಥೆ ತಿದ್ದಿದ್ದಾರಂತೆ. ನರ್ಸಮ್ಮನಿಗೆ ಈಗ ಸಮಾಧಾನವಾಗಬಹುದು.

ಮನೆಗೆ ಬಂದು ಅತ್ತುಬಿಟ್ಟೆ. ಸ್ಲೇಟಿನಲ್ಲಿ ಬರೆಯದೆ, ದನಿ ತೆಗೆದೇ ಅತ್ತೆ. ಅತ್ತ ಸದ್ದು ಪಕ್ಕದ ಕೋಣೆಗೂ ಕೇಳಿಸಲಿಲ್ಲ, ಯಾರೂ ಬರಲಿಲ್ಲ. ಐವತ್ತೆಂಟು ವರ್ಷದಲ್ಲಿ ನನ್ನ ಅಳು ಯಾರಿಗೂ ಕೇಳಿಸದೆ ಹೋದದ್ದು ಇದೇ ಮೊದಲು.

ನೀನು ಜುಲೈನಲ್ಲಿ ಕೇಳಿದ್ದಕ್ಕೆ ಉತ್ತರ ಕೊಡದೆ ಇದ್ದದ್ದು ಸಿಟ್ಟಿನಿಂದಲ್ಲ. ಸುಳ್ಳು ಬರೆಯಲು ಮನಸ್ಸಾಗಲಿಲ್ಲ, ನಿಜ ಬರೆಯಲು ಮುಖವಿರಲಿಲ್ಲ. ಹೌದು ಕಣೇ, ನೀನು ಬಿದ್ದೆ ಎಂದು ಓದಿದಾಗ ಒಳಗೆ ಒಂದು ಮೂಲೆಯಲ್ಲಿ ತಂಪಾಯಿತು. ಪುಸ್ತಕ ಇಟ್ಟುಕೊಂಡದ್ದು ನಿನ್ನ ಒಳ್ಳೆಯದಕ್ಕೇ. ಆದರೆ ಅದರ ಜೊತೆ ಇದೂ ಇತ್ತು. ಎರಡೂ ಒಟ್ಟಿಗೇ ಇದ್ದವು.

ಮೂವತ್ತನೇ ತಾರೀಕು ಎಲ್ಲರಿಗೂ ಒಳ್ಳೆಯದಾಗಲಿ.

ಅಕ್ಕ


ಆಗಸ್ಟ್ ೩೧

ಪ್ರೀತಿಯ ತಂಗಿ,

ನಿನ್ನೆ ನಾನು ಬಂದಿದ್ದೆ.

ಯಾರಿಗೂ ಹೇಳಲಿಲ್ಲ. ತಲೆಗೆ ಸ್ಕಾರ್ಫು ಸುತ್ತಿ, ತಮ್ಮನ ಹೆಂಡತಿಯ ದಪ್ಪ ಕನ್ನಡಕ ಹಾಕಿಕೊಂಡು ಕೊನೆಯ ಸಾಲಿನಲ್ಲಿ ಕೂತೆ. ಸಿಕ್ಕಿದ್ದು ಅದೊಂದೇ ಸೀಟು. ಹಾಲ್ ತುಂಬಿತ್ತು, ನೀನು ಒಳಗಿನಿಂದ ನೋಡಿದೆಯೋ ಇಲ್ಲವೋ. ಮುಗಿದ ಮೇಲೆ ಗ್ರೀನ್ ರೂಮಿಗೆ ಬರಬೇಕೆಂದಿದ್ದೆ. ಕಾಲು ಆ ಕಡೆ ಹೋಗಲಿಲ್ಲ. ಹೋದರೆ ಎಲ್ಲರೂ ನನ್ನ ಸುತ್ತ ಸೇರುತ್ತಿದ್ದರು, ಗಂಟಲು ಹೇಗಿದೆ ಎಂದು ಕೇಳುತ್ತಿದ್ದರು. ನಿನ್ನೆಯ ಸಂಜೆ ಅದಕ್ಕಲ್ಲ.

ಮೀಸೆಗೆ ಬೇರೆ ಕಾಗದ ಬರೆದಿದ್ದೇನೆ. ಎರಡೇ ಸಾಲು. 'ಆ ತಾಯಿಯ ಪಾತ್ರಕ್ಕೆ ನಾನು ವಾಪಸ್ ಬರುವುದಿಲ್ಲ. ಬೋರ್ಡಿನ ಮೇಲೆ ಬದಲಿಯ ಸ್ವಂತ ಹೆಸರು ಬರೆಸಿ.' ದನಿಯಿಲ್ಲದ್ದಕ್ಕೆ ಬಿಟ್ಟುಕೊಡುತ್ತಿದ್ದೇನೆ ಎಂದು ಅವರು ತಿಳಿದುಕೊಳ್ಳಬಹುದು. ಕಾರಣ ಅದಲ್ಲ ಎಂದು ನಿನಗೆ ಹೇಳಬೇಕು, ಅದಕ್ಕೇ ಈ ಕಾಗದ.

ಇಪ್ಪತ್ತೆರಡು ವರ್ಷದಲ್ಲಿ ನಮ್ಮ ನಾಟಕವನ್ನು ಎದುರಿನಿಂದ ನಾನು ಒಂದು ಸಲವೂ ನೋಡಿರಲಿಲ್ಲ. ನಮ್ಮ ಮನೆಯ ಗೋಡೆ ನೀಲಿಯಂತೆ! ಒಳಗೆ ನಿಂತವರಿಗೆ ಬೂದು ಕಾಣುತ್ತದೆ. ಕಿಟಕಿ ಎಷ್ಟು ಚಿಕ್ಕದು. ಅಷ್ಟು ಚಿಕ್ಕ ಮನೆಯಲ್ಲಿ ನಾನು ಅಷ್ಟು ವರ್ಷ ಹೇಗೆ ಬಾಳಿದೆ ಎನ್ನಿಸಿತು.

ಮೊದಲನೇ ಅಂಕದಲ್ಲಿ ನಾನು ಬಹಳ ಕೆಟ್ಟ ಪ್ರೇಕ್ಷಕಿ. ನಿನ್ನ ಪ್ರತಿ ಮಾತಿಗೂ ನನ್ನ ತುಟಿ ಆಡುತ್ತಿತ್ತು. ನೀನು ಲೋಟವನ್ನು ಎಡಗೈಯಲ್ಲಿ ಹಿಡಿದಾಗ 'ತಪ್ಪು' ಎಂದುಕೊಂಡೆ. ಪಾತ್ರೆ ತೊಳೆಯುವಾಗ ನೀನು ನಗುತ್ತೀಯ. ಇಲ್ಲಿ ಏನು ನಗು, ಎಂದು ಸಿಡುಕಿದೆ. ಆಮೇಲೆ ನೋಡಿದರೆ, ಆ ತಾಯಿ ಮಗನ ಯಾವುದೋ ಹಳೇ ತುಂಟತನ ನೆನಪಿಸಿಕೊಂಡು ನಗುತ್ತಿದ್ದಾಳೆ. ಒಂಬೈನೂರ ಹದಿನಾಲ್ಕು ಸಲ ಆ ಪಾತ್ರೆ ತೊಳೆದ ನನಗೆ ಅದು ಹೊಳೆದೇ ಇರಲಿಲ್ಲ. ಯಾವಾಗಲೋ ನನ್ನ ತುಟಿ ನಿಂತುಹೋಗಿತ್ತು. ಯಾವಾಗ ಎಂದು ತಿಳಿಯಲಿಲ್ಲ.

ಬಾಗಿಲು ಬಡಿದ ಸದ್ದಾಯಿತು. ನೀನು ಎದ್ದೆ, ಕುಂಟದೆ ನಡೆದೆ, ಚಿಲಕದ ಮೇಲೆ ಕೈಯಿಟ್ಟೆ, ನಿಂತೆ. ಹಾಲ್‌ನಲ್ಲಿ ಒಂದು ಸದ್ದಿಲ್ಲ. ಹೊರಗೆ ಬೀದಿಯಲ್ಲಿ ಯಾರೋ ಸೈಕಲ್ ಬೆಲ್ ಹೊಡೆದದ್ದು ಕೇಳಿಸಿತು.

ಆಮೇಲೆ ನೀನು ಕೈ ತೆಗೆದೆ.

ಚಿಲಕದಿಂದ ಕೈ ತೆಗೆದು ಎದೆಯ ಹತ್ತಿರ ಇಟ್ಟುಕೊಂಡೆ. ನಾನು ಒಂದು ದಿನವೂ ಕೈ ತೆಗೆದವಳಲ್ಲ. ಕೈ ತೆಗೆಯಬಹುದು ಎಂದೇ ನನಗೆ ಗೊತ್ತಿರಲಿಲ್ಲ. ಒಂದು ಹೆಜ್ಜೆ ಹಿಂದಕ್ಕೂ ಇಟ್ಟೆ. ಈ ತಾಯಿ ಬಾಗಿಲು ತೆಗೆಯುವುದಿಲ್ಲ ಎಂದು ನನಗೆ ಅನ್ನಿಸಿತು. ಆ ಬಾಗಿಲಿನ ಆಚೆ ಇರುವುದು ಒಂದು ಹಲಗೆ, ಒಂದು ಪರದೆ, ಏದುಸಿರು ಬಿಡುವ ಮಗರಾಯ ಎಂದು ಬಲ್ಲವಳು ನಾನು. ಮುಂದಿನ ಮಾತು ಏನೆಂದು ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ಹೇಳುವವಳು. ಆ ಗಳಿಗೆಯಲ್ಲಿ ಮುಂದೇನಾಗುತ್ತದೆ ಎಂದು ನನಗೆ ಗೊತ್ತಿರಲಿಲ್ಲ ಕಣೇ. ಏನೇನೂ ಗೊತ್ತಿರಲಿಲ್ಲ. ಎದ್ದು ನಿಂತು, "ತೆಗಿಯೇ! ತೆಗಿ, ಹೊರಟ್ಹೋಗ್ತಾನೆ!" ಎಂದು ಕೂಗಿಬಿಟ್ಟೆ.

ಕೂಗಿದೆ ಎಂದುಕೊಂಡೆ. ಬಂದದ್ದು ಸಣ್ಣ ಸದ್ದು, ಎರಡು ಸೀಟಿನ ಆಚೆಗೂ ಹೋಗಿರಲಾರದು. ಪಕ್ಕದಲ್ಲಿದ್ದ ಹೆಂಗಸು ನನ್ನ ತೋಳು ಹಿಡಿದು ಕೂರಿಸಿದಳು. ನನ್ನ ಕಡೆ ತಿರುಗಿಯೂ ನೋಡಲಿಲ್ಲ. ಅವಳ ಕಣ್ಣು ನಿನ್ನ ಮೇಲೇ ಇತ್ತು.

"ಸುಮ್ನಿರಿ ಅಜ್ಜಿ," ಅಂದಳು, "ಅವಳು ಕೇಳಿಸ್ಕೊಳ್ತಾ ಇದ್ದಾಳೆ."

ನಾನು ಬಾಯಿ ಮುಚ್ಚಿಕೊಂಡು ಕೂತೆ.

ನಿನ್ನ
ಅಕ್ಕ